ಬಿಳಿ ಬಣ್ಣದ ಸದ್ದು

ಆರು ವರ್ಷಗಳ ಹಿಂದೆ ಒಂದು ಕಾದಂಬರಿ ಬರೆಯಲು ಕೂತಿದ್ದೆ. ಎಲ್ಲೂ ಇಲ್ಲದ ಒಂದು ನಾಡು, ಅದರಲ್ಲಿ ಕಂಚೂರು ಎಂಬ ಪಟ್ಟಣ, ಒಬ್ಬಳು ರಾಣಿ, ಕಾಣೆಯಾದ ಒಂದು ದೊಡ್ಡ ಗಂಟೆ. ಮೂರನೆಯ ಅಧ್ಯಾಯದಲ್ಲಿ ಎರಕದ ಕೆಲಸದ ಮುದುಕನೊಬ್ಬ ಜಗಲಿಯ ಮೇಲೆ ಕೂತು ಏನನ್ನೋ ಓದುತ್ತಿರುತ್ತಾನೆ. ಏನು ಓದುತ್ತಿರಬಹುದು ಎಂದು ಎರಡು ದಿನ ಯೋಚಿಸಿ ಅವನ ಕೈಗೊಂದು ಪತ್ರಿಕೆ ಕೊಟ್ಟೆ. ಹೆಸರು ‘ಮಾರ್ದನಿ’. ಅಮಾವಾಸ್ಯೆಗೊಮ್ಮೆ ಹೊರಬರುತ್ತದೆ, ಸದ್ದಿನ ಸಂಗತಿ ಬಿಟ್ಟು ಬೇರೇನನ್ನೂ ಅಚ್ಚು ಹಾಕುವುದಿಲ್ಲ. ಮುದುಕ ಓದುತ್ತಿದ್ದ ಪುಟದಲ್ಲಿ ಏನಿತ್ತೆಂದು ಒಂದು ಪ್ಯಾರಾ ಬರೆದೆ. ಆಮೇಲೆ ಅದರ ಹಿಂದಿನ ಪುಟ, ಮತ್ತೆ ಅದರ ಮುಂದಿನ ಪುಟ. ಕಾದಂಬರಿ ಅಲ್ಲಿಗೇ ನಿಂತಿದೆ. ‘ಮಾರ್ದನಿ’ಯ ಹದಿನಾಲ್ಕು ಸಂಚಿಕೆಗಳು ನಾಲ್ಕು ನೋಟ್‌ಬುಕ್ಕುಗಳನ್ನು ತುಂಬಿವೆ. ಗಂಟೆ ಇನ್ನೂ ಸಿಕ್ಕಿಲ್ಲ. ಅದನ್ನು ಹುಡುಕುವ ಆತುರವೂ ಈಗ ನನಗಿಲ್ಲ.

ಕಂಚೂರಿನಲ್ಲಿ ಸದ್ದೆಂದರೆ ವಸ್ತು. ಆಡಿದ ಮಾತು, ಬಾರಿಸಿದ ಜಾಗಟೆ, ಬಿದ್ದ ತಂಬಿಗೆ, ಎಲ್ಲವೂ ಸ್ವಲ್ಪ ಹೊತ್ತು ಗಾಳಿಯಲ್ಲಿ ಅಲೆದಾಡಿ ಕೊನೆಗೆ ನುಣ್ಣನೆಯ ಬಿಳಿ ಪುಡಿಯಾಗಿ ನೆಲಕ್ಕೆ ಕೂರುತ್ತವೆ. ಸಂತೆ ಮುಗಿದ ಸಂಜೆ ಪೇಟೆಬೀದಿಯಲ್ಲಿ ಪಾದ ಮುಳುಗುವಷ್ಟು ಪುಡಿ. ಒಬ್ಬಂಟಿ ಮುದುಕಿಯ ಮನೆಯಲ್ಲಿ ವಾರಕ್ಕೊಂದು ಚಿಟಿಕೆ. ಬೆಳಗ್ಗೆ ಎದ್ದವರು ಅಂಗಳದ ಕಸದ ಜೊತೆಗೆ ನಿನ್ನೆಯ ಸದ್ದನ್ನೂ ಗುಡಿಸುತ್ತಾರೆ.

ಇದನ್ನು ಓದಿದ ಗೆಳತಿಯೊಬ್ಬಳು, ಒಳ್ಳೆಯ ಕಲ್ಪನೆ, ಎಲ್ಲಿಂದ ಹೊಳೆಯಿತು ಎಂದು ಕೇಳಿದಳು. ನನಗೆ ಹೊಳೆದದ್ದಲ್ಲ. ಸುಮಾರು 1260ರಲ್ಲಿ ಕೇಶಿರಾಜ ಹೇಳಿಟ್ಟದ್ದು. ‘ಶಬ್ದಮಣಿದರ್ಪಣ’ದಲ್ಲಿ ಶಬ್ದ ಹುಟ್ಟುವ ಬಗೆಯನ್ನು ಹೇಳುವ ಸೂತ್ರವೊಂದಿದೆ. ಕಾಲೇಜಿನಲ್ಲಿ ನಾವು ಅದನ್ನು ಬಾಯಿಪಾಠ ಮಾಡಿ, ಪರೀಕ್ಷೆಯಲ್ಲಿ ಬರೆದು, ಮರೆತುಬಿಟ್ಟಿದ್ದೆವು. ಜೀವ ಬಯಸಿದಾಗ, ಗಾಳಿ ಅನುಕೂಲವಾಗಿದ್ದಾಗ, ಹೊಕ್ಕುಳ ಮೂಲದಲ್ಲಿ ಕಹಳೆಯ ಹಾಗೆ ಶಬ್ದದ್ರವ್ಯ ಹುಟ್ಟುತ್ತದೆ, ಅದರ ಬಣ್ಣ ಬಿಳಿ ಎನ್ನುತ್ತಾನೆ ಅವನು. ದ್ರವ್ಯ ಎಂಬ ಮಾತನ್ನು ಅವನು ಸುಮ್ಮನೆ ಬಳಸಿದ್ದಲ್ಲ. ನ್ಯಾಯ ವೈಶೇಷಿಕರಿಗೆ ಶಬ್ದ ಆಕಾಶದ ಗುಣ. ಹೂವಿಗೆ ಬಣ್ಣ ಇದ್ದ ಹಾಗೆ. ಜೈನರಿಗೆ ಅದು ಪುದ್ಗಲ. ಮಣ್ಣು, ನೀರು, ನೆರಳುಗಳ ಸಾಲಿಗೆ ಸೇರಿದ್ದು, ತಾಗುವಂಥದ್ದು, ತಡೆಯಬಹುದಾದದ್ದು. ಕೇಶಿರಾಜ ಜೈನ. ವ್ಯಾಕರಣ ಬರೆಯುತ್ತಿದ್ದಾಗಲೂ ಅವನಿಗೆ ಸದ್ದು ಕೈಗೆ ಸಿಗುವ ಪದಾರ್ಥ.

ನಾನು ಮಾಡಿದ್ದು ಇಷ್ಟೇ: ಅವನ ಮಾತನ್ನು ಅಕ್ಷರಶಃ ನಂಬಿದೆ. ಅದು ನಿಜವಾದರೆ ಒಂದು ಊರಿನ ಬದುಕು ಹೇಗಿರುತ್ತದೆ, ಆ ಊರಿನ ಪತ್ರಿಕೆ ಏನನ್ನು ಬರೆಯುತ್ತದೆ ಎಂದು ಕೇಳಿಕೊಂಡೆ.

‘ಮಾರ್ದನಿ’ಯ ಮೊದಲ ಪುಟದಲ್ಲಿ ಯಾವಾಗಲೂ ‘ಈ ತಿಂಗಳ ಗಾಳಿ’ ಎಂಬ ಅಂಕಣ. ಯಾವ ರಾತ್ರಿ ಸದ್ದು ಎಷ್ಟು ದೂರ ಹೋದೀತು ಎಂಬ ಪಂಚಾಂಗ. ಇದು ನಮ್ಮ ಶಿರಸಿಯ ಕಡೆಯ ನೆನಪು. ಚಳಿಗಾಲದ ಯಕ್ಷಗಾನದ ಆಟದ ದಿನಗಳಲ್ಲಿ ಗುಡ್ಡದಾಚೆಯ ಊರಿನ ಚೆಂಡೆ ನಮ್ಮ ಮನೆಯ ಹಿತ್ತಿಲಲ್ಲಿ ಬಾರಿಸಿದ ಹಾಗೆ ಕೇಳುತ್ತಿತ್ತು. ಅದೇ ಗುಡ್ಡದ ತುದಿಯಲ್ಲಿ ನಿಂತು ಮಟಮಟ ಮಧ್ಯಾಹ್ನ ಯಾರಾದರೂ ಕೂಗಿದರೆ ಕೇಳುತ್ತಿರಲಿಲ್ಲ. ಹಗಲಿನಲ್ಲಿ ನೆಲದ ಬಳಿಯ ಗಾಳಿ ಬಿಸಿ, ಮೇಲಿನದು ತಂಪು. ಸದ್ದು ಮೇಲಕ್ಕೆ ಬಾಗಿ ಆಕಾಶದ ಪಾಲಾಗುತ್ತದೆ. ಮೋಡವಿಲ್ಲದ ರಾತ್ರಿ ನೆಲ ಬೇಗ ತಣ್ಣಗಾಗಿ, ತಂಪು ಗಾಳಿ ಕೆಳಗೂ ಬೆಚ್ಚನೆಯದು ಮೇಲೂ ನಿಲ್ಲುತ್ತದೆ. ಆಗ ಮೇಲೆ ಹೊರಟ ಸದ್ದು ಬಾಗಿ ಮತ್ತೆ ನೆಲಕ್ಕಿಳಿಯುತ್ತದೆ. ಎಲ್ಲ ಸದ್ದೂ ಬರುತ್ತಿರಲಿಲ್ಲ. ಚೆಂಡೆ ಬರುತ್ತಿತ್ತು, ಭಾಗವತರ ಏರುದನಿಯ ಒಂದೊಂದು ತುಣುಕು ಬರುತ್ತಿತ್ತು. ಮದ್ದಳೆಯನ್ನು ನಾವೇ ಊಹಿಸಿಕೊಳ್ಳಬೇಕಿತ್ತು. ಹಾಸಿಗೆಯಲ್ಲಿ ಮಲಗಿ, ಚೆಂಡೆಯ ಪೆಟ್ಟಿನ ಮೇಲೆಯೇ ಯಾವ ಪ್ರಸಂಗ, ಯಾರ ಪ್ರವೇಶ ಎಂದು ನಾನೂ ಅಕ್ಕನೂ ಪಂಥ ಕಟ್ಟುತ್ತಿದ್ದೆವು. ಕಂಚೂರಿನ ಮಕ್ಕಳೂ ಹಾಗೇ ಮಾಡುತ್ತಾರೆ.

ಎರಡನೆಯ ಪುಟ ‘ಒಡಕು’. ನನಗೆ ತೀರಾ ಇಷ್ಟದ್ದು. ಊರಿನ ಜನ ತಮ್ಮ ಮನೆಯ ಬಿರುಕು ಬಿಟ್ಟ ವಸ್ತುಗಳ ಸದ್ದನ್ನು ಈ ಪುಟಕ್ಕೆ ಬರೆದು ಕಳಿಸುತ್ತಾರೆ. ಈ ಪುಟ ನನ್ನ ಅಜ್ಜಿಯಿಂದ ಬಂದದ್ದು. ಜಾತ್ರೆಯಲ್ಲಿ ಮಡಕೆ ಕೊಳ್ಳುವಾಗ ಅವಳ ಕಣ್ಣು ಬೇರೆಲ್ಲೋ ಇರುತ್ತಿತ್ತು. ಎಡಗೈಯ ಮೇಲೆ ಮಡಕೆ ಕೂರಿಸಿ ಬಲಗೈಯ ಬೆರಳ ಗೆಣ್ಣಿನಿಂದ ಒಂದು ಪೆಟ್ಟು. ಕಣ್ ಎಂದರೆ ಬುಟ್ಟಿಗೆ. ಬದ್ ಎಂದರೆ ಕುಂಬಾರನ ರಾಶಿಗೆ ವಾಪಸು. ಕೂದಲೆಳೆಯಷ್ಟು ಸಣ್ಣ ಬಿರುಕು ಕಣ್ಣಿಗೆ ಕಾಣುವುದಿಲ್ಲ. ಆದರೆ ಅದರ ಎರಡು ಅಂಚುಗಳು ಒಂದಕ್ಕೊಂದು ಉಜ್ಜಿ ಮಡಕೆಯ ನಡುಕವನ್ನೆಲ್ಲ ಅಲ್ಲೇ ನುಂಗಿಬಿಡುತ್ತವೆ. ಹಲಸಿನಕಾಯಿಗೂ ಹೀಗೇ ಬಡಿಯುತ್ತಿದ್ದಳು, ತೆಂಗಿನಕಾಯಿಗೂ. ಕಂಚಿನ ತಟ್ಟೆ ಎಂದು ಯಾರೋ ಮಾರಲು ಬಂದರೆ ತುದಿಬೆರಳಲ್ಲಿ ತೂಗಿಹಿಡಿದು ಬಡಿದು ನೋಡುತ್ತಿದ್ದಳು. ನಾಲ್ಕು ಪಾಲು ತಾಮ್ರಕ್ಕೆ ಒಂದು ಪಾಲಿಗಿಂತ ತುಸು ಹೆಚ್ಚು ತವರ ಬೆರೆತ ಗಂಟೆಕಂಚು ಬಹಳ ಹೊತ್ತು ಗುಂಯ್ಗುಡುತ್ತದೆ. ಹಿತ್ತಾಳೆ ಬೇಗ ಸುಮ್ಮನಾಗುತ್ತದೆ. ಪಾಲಿನ ಲೆಕ್ಕ ಅವಳಿಗೆ ಗೊತ್ತಿರಲಿಲ್ಲ, ಉಳಿದದ್ದೆಲ್ಲ ಗೊತ್ತಿತ್ತು.

ಬಡಿದು ನೋಡು, ಮುಟ್ಟಿ ನೋಡು, ತಿಂದು ನೋಡು, ಕೇಳಿ ನೋಡು ಅನ್ನುತ್ತೇವಲ್ಲ, ಇವೆಲ್ಲ ಒಂದೇ ಕೆಲಸದ ಹಲವು ಬಾಗಿಲುಗಳಂತೆ ನನಗೆ ಕಾಣುತ್ತವೆ. ನಮ್ಮ ಭಾಷೆಯ ಈ ಬಳಕೆಯ ಮೇಲೆ ‘ಮಾರ್ದನಿ’ಯ ನಾಲ್ಕನೆಯ ಸಂಚಿಕೆಯಲ್ಲಿ ಒಂದು ಸಂಪಾದಕೀಯವನ್ನೇ ಬರೆದಿದ್ದೇನೆ.

ಮೂರನೆಯದು ‘ಪಿಸುಗೋಡೆ’. ಹೆಸರು ಹಾಕದೆ ಬರೆದ ಪತ್ರಗಳ ಪುಟ. ಇದಕ್ಕಾಗಿ ನಾನು ವಿಜಯಪುರಕ್ಕೆ ಹೋಗಿ ಬಂದೆ. ಗೋಳಗುಮ್ಮಟವನ್ನು ಶಾಲೆಯ ಪ್ರವಾಸದಲ್ಲಿ ಒಮ್ಮೆ ನೋಡಿದ್ದೆ. ಆಗ ಕೇಳಿದ್ದು ಇನ್ನೂರು ಮಕ್ಕಳ ಕಿರುಚಾಟ ಮಾತ್ರ. ಈ ಸಲ ಬೆಳಗ್ಗೆ ಬಾಗಿಲು ತೆರೆಯುವ ಹೊತ್ತಿಗೇ ಹೋಗಿ ಮೂಲೆಯ ಗೋಪುರದ ಕಡಿದಾದ ಮೆಟ್ಟಿಲು ಹತ್ತಿದೆ. ಮೇಲೆ ನಾನು, ಒಬ್ಬ ಕಾವಲುಗಾರರು, ಪಾರಿವಾಳಗಳು. 1656ರಲ್ಲಿ ತೀರಿಕೊಂಡ ಮೊಹಮ್ಮದ್ ಆದಿಲ್ ಶಾಹನ ಗೋರಿಯ ಮೇಲೆ ಎದ್ದ ಗುಮ್ಮಟ ಅದು. ಒಳಗೆ ಅಡ್ಡಳತೆ ಸುಮಾರು 38 ಮೀಟರ್, ನಡುವೆ ಒಂದು ಕಂಬವೂ ಇಲ್ಲ. ಕಾವಲುಗಾರರು ಎದುರು ಬದಿಗೆ ಹೋಗಿ, ಗೋಡೆಗೆ ಮುಖ ಮಾಡಿ, ಜೇಬಿನಿಂದ ಒಂದು ಚೀಟಿ ತೆಗೆದು ಹರಿದರು. ಆ ಹರಿದ ಸದ್ದು ನನ್ನ ಕಿವಿಯ ಪಕ್ಕದಲ್ಲೇ ಆಯಿತು. ನಾನು ತಿರುಗಿ ನೋಡಿದೆ, ಯಾರೂ ಇರಲಿಲ್ಲ.

ನೇರವಾಗಿ ಬಂದರೆ ಆ ಸದ್ದು 38 ಮೀಟರ್ ದಾಟಬೇಕು, ಒಂದು ಸೆಕೆಂಡಿನ ಒಂಬತ್ತನೆಯ ಒಂದು ಭಾಗ. ಅದು ಹಾಗೆ ಬರಲಿಲ್ಲ. ಗೋಡೆಗೆ ಮೈ ತಾಗಿಸಿಕೊಂಡು ಅರ್ಧ ಸುತ್ತು, ಸುಮಾರು 60 ಮೀಟರ್ ತೆವಳಿಕೊಂಡು ಬಂತು. ಲಂಡನ್ನಿನ ಸೇಂಟ್ ಪಾಲ್ಸ್ ಗುಮ್ಮಟದಲ್ಲೂ ಹೀಗೇ ಕೇಳುತ್ತದೆ. ಜಾರ್ಜ್ ಏರಿ ಎಂಬ ಅಲ್ಲಿನ ಖಗೋಳಶಾಸ್ತ್ರಿ, ಸದ್ದು ಗುಮ್ಮಟಕ್ಕೆ ಬಡಿದು ಎದುರಿನ ಒಂದೇ ಬಿಂದುವಿನಲ್ಲಿ ಒಟ್ಟುಗೂಡುತ್ತದೆ ಎಂದಿದ್ದರು. ಭೌತವಿಜ್ಞಾನಿ ಲಾರ್ಡ್ ರೇಲಿ ಒಪ್ಪಲಿಲ್ಲ. ಪಿಸುಮಾತು ಎದುರಿನಲ್ಲಷ್ಟೇ ಅಲ್ಲ, ಗೋಡೆಯ ಉದ್ದಕ್ಕೂ ಎಲ್ಲಿ ಕಿವಿಯಿಟ್ಟರೂ ಕೇಳುತ್ತದಲ್ಲ! ಅವರು ಸತುವಿನ ತಗಡನ್ನು ಅರ್ಧವೃತ್ತವಾಗಿ ಬಾಗಿಸಿ, ಒಂದು ತುದಿಯಲ್ಲಿ ಸಣ್ಣ ಸಿಳ್ಳೆ, ಇನ್ನೊಂದು ತುದಿಯಲ್ಲಿ ಸದ್ದಿಗೆ ಬೆಚ್ಚುವ ಜ್ವಾಲೆ ಇಟ್ಟರು. ಸಿಳ್ಳೆ ಊದಿದಾಗ ಜ್ವಾಲೆ ಅದುರಿತು. ತಗಡಿನ ಒಳಮೈಗೆ ಒತ್ತಿದಂತೆ ಒಂದು ಕಿರಿದಾದ ಪಟ್ಟಿ ಅಡ್ಡವಿಟ್ಟಾಗ ಜ್ವಾಲೆ ಸುಮ್ಮನಾಯಿತು. ಹೊಳೆಗೆ ಕಟ್ಟ ಹಾಕಿದ ಹಾಗೆ ಸದ್ದಿಗೆ ಕಟ್ಟ ಹಾಕಿದ್ದರು.

ಸಿ. ವಿ. ರಾಮನ್ 1921ರಲ್ಲಿ ಮೊದಲ ಸಲ ಇಂಗ್ಲೆಂಡಿಗೆ ಹೋದಾಗ ಸೇಂಟ್ ಪಾಲ್ಸ್ ಗುಮ್ಮಟ ಹತ್ತಿ ಈ ಪಿಸುಮಾತನ್ನು ಅಳೆದರು. ಹಿಂದಿರುಗುವ ಹಡಗಿನ ಮೇಲೆ ಸಮುದ್ರದ ನೀಲಿ ಅವರನ್ನು ಹಿಡಿದುಕೊಂಡ ಕತೆ ಎಲ್ಲರಿಗೂ ಗೊತ್ತು. ಅದಕ್ಕಿಂತ ಮೊದಲು ಅವರು ಸದ್ದಿನ ಮನುಷ್ಯ ಎಂಬುದು ಅಷ್ಟಾಗಿ ನಮ್ಮ ಮಾತಿನಲ್ಲಿ ಬರುವುದಿಲ್ಲ. ನನಗೆ ಅದು ಬೇಸರ. ಗೋಳಗುಮ್ಮಟದ ಪಿಸುಮಾತನ್ನೂ ಅವರು ಪರೀಕ್ಷಿಸಿದ್ದರು. ಮೃದಂಗ, ತಬಲಾ, ವೀಣೆ, ತಂಬೂರಿಗಳ ಮೇಲೆ ಕೆಲಸ ಮಾಡಿದ್ದರು.

ಕರಣೆಯ, ಅಂದರೆ ಮೃದಂಗದ ಬಲಮುಖದ ನಡುವಿನ ಕಪ್ಪು ಬೊಟ್ಟಿನ ಸಂಗತಿಯನ್ನೇ ನೋಡಿ. ಸಾದಾ ದುಂಡು ಚರ್ಮ ಬಾರಿಸಿದರೆ ಅದರಿಂದ ಹೊರಡುವ ಸ್ವರಗಳು ಒಂದಕ್ಕೊಂದು ಹೊಂದುವುದಿಲ್ಲ. ಮೊದಲನೆಯದು 1 ಆದರೆ ಮುಂದಿನವು 1.59, 2.14, 2.30, ಹೀಗೆ. ಅದಕ್ಕೇ ಬರಿ ಚರ್ಮದ ವಾದ್ಯ ದಡದಡ ಎನ್ನುತ್ತದೆಯೇ ಹೊರತು ಶ್ರುತಿಗೆ ನಿಲ್ಲುವುದಿಲ್ಲ. ಮೃದಂಗದ ಬಲಮುಖದ ನಡುವೆ ಅನ್ನದ ಅಂಟು ಮತ್ತು ಕಪ್ಪು ಕಲ್ಲಿನ ಪುಡಿ ಕಲಸಿ, ಪದರದ ಮೇಲೆ ಪದರ ಹಚ್ಚಿ, ನುಣುಪು ಕಲ್ಲಿನಿಂದ ಉಜ್ಜಿ ಕೂರಿಸುತ್ತಾರೆ. ಆ ಭಾರ ಬಿದ್ದ ಮೇಲೆ ಚರ್ಮದ ಮೊದಲ ಒಂಬತ್ತು ಬಗೆಯ ಕಂಪನಗಳು ಐದೇ ಐದು ಹೊಂದುವ ಸ್ವರಗಳಾಗಿ ಒಟ್ಟುಗೂಡುತ್ತವೆ ಎಂದು ರಾಮನ್ ತೋರಿಸಿದರು. ವಾದ್ಯದ ಅಂಗಡಿಯೊಂದರಲ್ಲಿ ಕರಣೆ ಕೂರಿಸುವುದನ್ನು ಒಂದು ಇಡೀ ಮಧ್ಯಾಹ್ನ ನೋಡುತ್ತ ಕೂತಿದ್ದೆ. ಒಂದು ಚಿಟಿಕೆ, ಉಜ್ಜು, ತಟ್ಟಿ ನೋಡು. ಮತ್ತೊಂದು ಚಿಟಿಕೆ, ಉಜ್ಜು, ತಟ್ಟಿ ನೋಡು. ಕಪ್ಪು ಮೈಯಲ್ಲಿ ಬಲೆಯಂಥ ಸಣ್ಣ ಸಣ್ಣ ಬಿರುಕುಗಳು ಮೂಡಿದವು. ಮಡಕೆಗೆ ಶಾಪವಾದ ಬಿರುಕು ಇಲ್ಲಿ ಬೇಕೇ ಬೇಕು. ಅದಿಲ್ಲದೆ ಕರಣೆ ಚರ್ಮದ ಜೊತೆ ಬಾಗಲಾರದು.

ತಂಬೂರಿಯದು ಇನ್ನೂ ಬೆರಗು. ನಮ್ಮ ಸಂಗೀತದ ಮೇಷ್ಟ್ರ ಮನೆಯಲ್ಲಿ ಮಿರಜಿನ ತಂಬೂರಿಯಿತ್ತು. ಕತ್ತಿ ಮಾಡುತ್ತಿದ್ದ ಶಿಕಲ್ಗಾರರು ಕತ್ತಿಗಳ ಕಾಲ ಮುಗಿದ ಮೇಲೆ ತಂಬೂರಿಗೆ ಕೈ ಹಚ್ಚಿದರು ಎಂದು ಮಿರಜಿನಲ್ಲಿ ಹೇಳುತ್ತಾರೆ. ಬುರುಡೆಗೆ ಬೇಕಾದ ದೊಡ್ಡ ಸೋರೆಗಳು ಪಂಢರಪುರದ ಕಡೆ ಬೆಳೆಯುತ್ತವೆ. ಮೇಷ್ಟ್ರು ನಾಲ್ಕು ತಂತಿ ಶ್ರುತಿ ಮಾಡಿದ ಮೇಲೆ ತಂತಿಗಳನ್ನು ಹೊತ್ತ ಸೇತುವೆ, ಅಂದರೆ ಕುದುರೆಯ ಮೇಲೆ ಬಗ್ಗಿ, ಪ್ರತಿ ತಂತಿಯ ಕೆಳಗೆ ಒಂದು ಹತ್ತಿದಾರದ ಎಳೆ ತೂರಿಸುತ್ತಿದ್ದರು. ದಾರವನ್ನು ಸಾಸಿವೆಕಾಳಿನಷ್ಟು ಮುಂದೆ ಸರಿಸುವುದು, ಮೀಟುವುದು, ಮತ್ತೆ ತುಸು ಹಿಂದೆ. ಟಂಗ್, ಟಂಗ್ ಎನ್ನುತ್ತಿದ್ದ ತಂತಿ ಯಾವುದೋ ಒಂದು ಗಳಿಗೆಯಲ್ಲಿ ಝುಂಯ್ ಎಂದು ಬಿಚ್ಚಿಕೊಳ್ಳುತ್ತಿತ್ತು. ಒಂದು ಸ್ವರದೊಳಗಿಂದ ಹತ್ತು ಸ್ವರ. ಅದಕ್ಕೆ ಜವಾರಿ ಎನ್ನುತ್ತಾರೆ. ನಮ್ಮ ಮೇಲ್ಸೀಮೆಯ ಜೋಳವೂ ಜವಾರಿ. ಎರಡೂ ಮಾತು ನನ್ನ ಮನಸ್ಸಿನಲ್ಲಿ ಒಟ್ಟಿಗೇ ಕೂತಿವೆ.

ತಂತಿಯನ್ನು ಸರಿಯಾಗಿ ನಡುವೆ ಮೀಟಿದರೆ, ನಡುವೆ ನಿಶ್ಚಲವಾಗಿರಬೇಕಾದ ಸ್ವರಗಳು ಹುಟ್ಟಬಾರದು ಎಂಬುದು ಯೂರೋಪಿನವರು ಒಪ್ಪಿದ್ದ ನಿಯಮ. ತಂಬೂರಿಯಲ್ಲಿ ಆ ಸ್ವರಗಳೂ ಹುಟ್ಟುತ್ತವೆ ಎಂದು ರಾಮನ್ 1921ರಲ್ಲಿ ಬರೆದರು. ಕುದುರೆಯ ಬೆನ್ನು ಚಪ್ಪಟೆಯಾಗಿ ತುಸು ಬಾಗಿದೆ. ತಂತಿ ನಡುಗುವಾಗ ಅದಕ್ಕೆ ಮತ್ತೆ ಮತ್ತೆ ತಾಗುತ್ತದೆ. ಆ ತಾಗುವಿಕೆಯಿಂದ ಇಲ್ಲದಿದ್ದ ಸ್ವರ ಹುಟ್ಟುತ್ತದೆ. ತಂತಿ ಎಲ್ಲಿ ತಾಗಬೇಕೆಂದು ತೀರ್ಮಾನಿಸುವುದು ಆ ದಾರ. ಕಂಚೂರಿನಲ್ಲಿ ಇಂಥ ದಾರ ಮಾರುವವರ ಒಂದು ಓಣಿಯೇ ಇದೆ, ‘ಮಾರ್ದನಿ’ಯ ಹಿಂಬದಿಯ ಜಾಹೀರಾತುಗಳೆಲ್ಲ ಅವರದೇ.

ಪತ್ರಿಕೆಯನ್ನು ಅಲ್ಲಿ ಹೇಗೆ ಅಚ್ಚು ಹಾಕುತ್ತಾರೆ ಎಂಬುದು ಬಹಳ ಕಾಡಿತು. ಸದ್ದೇ ಪುಡಿಯಾಗಿ ಬೀಳುವ ಊರಿನಲ್ಲಿ ಮಸಿ ಏಕೆ ಬೇಕು? ಅಕ್ಕನ ಮಗ ದಾರಿ ತೋರಿಸಿದ. ರಜೆಗೆ ಬಂದಿದ್ದ, ಹತ್ತು ವರ್ಷದವನು. ಪಾತ್ರೆಯ ಬಾಯಿಗೆ ಪ್ಲಾಸ್ಟಿಕ್ ಹಾಳೆಯನ್ನು ಬಿಗಿಯಾಗಿ ಕಟ್ಟಿ, ಮೇಲೆ ರಂಗೋಲಿ ಪುಡಿ ಉದುರಿಸಿ, “ಚಿಕ್ಕೀ, ಹತ್ತಿರ ಬಾಯಿಟ್ಟು ಹೂಂ ಅನ್ನು” ಎಂದ. ಅಂದೆ. ಪುಡಿ ಕುಣಿದು ಕುಣಿದು ಒಂದು ಉಂಗುರವಾಗಿ ನಿಂತಿತು. ದನಿ ಏರಿಸಿದೆ, ಉಂಗುರ ಒಡೆದು ಬೇರೆ ಗೆರೆಗಳಾದವು. ಜರ್ಮನಿಯ ಕ್ಲ್ಯಾಡ್ನಿ 1787ರಲ್ಲೇ ತಟ್ಟೆಯ ಮೇಲೆ ಮರಳು ಹರಡಿ, ಅಂಚಿಗೆ ಪಿಟೀಲಿನ ಕಮಾನು ತೀಡಿ, ಇಂಥ ಚಿತ್ರಗಳನ್ನು ಪುಸ್ತಕ ಮಾಡಿದ್ದರು. ಹಾಳೆ ಅಲುಗದೆ ನಿಂತ ಕಡೆ ಪುಡಿ ಕೂರುತ್ತದೆ, ಅಷ್ಟೇ. ಆದರೆ ನನ್ನದೇ ದನಿ ಬಿಳಿ ರಂಗೋಲಿಯಾಗಿ ಎದುರಿಗೆ ಬಿದ್ದಿದ್ದನ್ನು ಕಂಡು ನನಗೆ ಮಾತು ಹೊರಡಲಿಲ್ಲ. ಬಿಳಿ, ದ್ರವ್ಯ. ಆ ಸಂಜೆ ಕೇಶಿರಾಜನ ಸೂತ್ರವನ್ನು ಮತ್ತೆ ತೆಗೆದು ಓದಿದೆ.

ಪ್ಯಾರಿಸ್ಸಿನಲ್ಲಿ ಸ್ಕಾಟ್ ದ ಮಾರ್ಟಿನ್‌ವಿಲ್ ಎಂಬ ಅಚ್ಚುಕೂಟದವರೊಬ್ಬರು ಇದನ್ನೇ ಕಪ್ಪಿನಲ್ಲಿ ಮಾಡಿದ್ದರು. ಕಾಗದಕ್ಕೆ ದೀಪದ ಮಸಿ ಹಿಡಿಸಿ, ದನಿಗೆ ಅಲುಗುವ ಒಂದು ಕಡ್ಡಿಯಿಂದ ಅದರ ಮೇಲೆ ಗೆರೆ ಮೂಡಿಸಿದರು. ಅದನ್ನು ಮತ್ತೆ ಕೇಳಿಸಬೇಕೆಂಬ ಯೋಚನೆ ಅವರಿಗಿರಲಿಲ್ಲ. ಸದ್ದು ತನ್ನ ಬರಹವನ್ನು ತಾನೇ ಬರೆಯಬೇಕು, ಜನ ಅದನ್ನು ಓದಬೇಕು, ಅಷ್ಟೇ ಆಸೆ. 1860ರ ಏಪ್ರಿಲ್ 9ರಂದು ಬರೆಸಿದ ಜನಪದ ಹಾಡಿನ ಒಂದು ತುಣುಕನ್ನು 2008ರಲ್ಲಿ ಕಂಪ್ಯೂಟರ್ ಮೂಲಕ ಓದಿಸಿ ಕೇಳಿಸಿದರು. ಮೊದಲು ಅದು ಹುಡುಗಿಯ ದನಿಯೆಂದುಕೊಂಡರು. ವೇಗ ಅರ್ಧಕ್ಕಿಳಿಸಬೇಕೆಂದು ಆಮೇಲೆ ಗೊತ್ತಾಯಿತು. ಆಗ ಕೇಳಿದ್ದು ನಿಧಾನವಾಗಿ ಹಾಡುವ ಒಬ್ಬ ಗಂಡಸಿನ ದನಿ, ಬಹುಶಃ ಸ್ಕಾಟ್ ಅವರದೇ. ನೂರ ನಲವತ್ತೆಂಟು ವರ್ಷ ಅದು ಮಸಿಯಲ್ಲಿ ಬಾಯಿಮುಚ್ಚಿ ಕೂತಿತ್ತು. ‘ಮಾರ್ದನಿ’ಯ ಪುಟಗಳು ಹೀಗೇ ಇವೆ, ಆದರೆ ಬಿಳಿ. ಓದುಗರು ಉಗುರಿನಿಂದ ಮೆಲ್ಲಗೆ ತೀಡಿದರೆ ಒಂದು ಸಾಲು ಹೇಳಿ ಉದುರಿಹೋಗುತ್ತದೆ. ಒಂದು ಪ್ರತಿಯನ್ನು ಒಂದೇ ಸಲ ಓದಬಹುದು. ಅದಕ್ಕೇ ಅಲ್ಲಿ ಇಡೀ ಓಣಿ ಸೇರಿ ಓದುತ್ತದೆ.

ಕವಿತೆಯ ಪುಟಕ್ಕೆ ‘ಅನುರಣನ’ ಎಂದು ಹೆಸರು. ಕಾವ್ಯಮೀಮಾಂಸಕ ಆನಂದವರ್ಧನ ಕಾವ್ಯದ ಧ್ವನಿಯನ್ನು ವಿವರಿಸುವಾಗ ಈ ಮಾತನ್ನೇ ಹಿಡಿದದ್ದು: ಗಂಟೆ ಹೊಡೆದ ಮೇಲೆ ಉಳಿಯುವ ಗುಂಯ್ ನಾದದ ಹಾಗೆ, ಮಾತಿನ ಅರ್ಥ ಮುಗಿದ ಮೇಲೆ ಇನ್ನೊಂದು ಅರ್ಥ ತೇಲಿಬರುತ್ತದೆ. ಆ ಪುಟಕ್ಕೆ ನಾನಿನ್ನೂ ಒಂದು ಒಳ್ಳೆಯ ಕವಿತೆ ಬರೆದಿಲ್ಲ.

ಹಂಪಿಯ ವಿಜಯ ವಿಠ್ಠಲ ದೇವಸ್ಥಾನದ ಕಂಬಗಳೂ ಪತ್ರಿಕೆಯಲ್ಲಿವೆ. ಒಂದೇ ಕಲ್ಲಿನಲ್ಲಿ ಕಡೆದ ಸಣ್ಣ ಸಣ್ಣ ಕಂಬಗಳು. ಬಡಿದು ಬಡಿದು ಸವೆಸಿದ್ದೇವೆ, ಈಗ ಬಡಿಯುವಂತಿಲ್ಲ. ಆ ನಿಷೇಧ ಸರಿ. ನಾನೂ ಬಡಿದಿಲ್ಲ. ಅಂಗೈಯಿಟ್ಟು ಸ್ವಲ್ಪ ಹೊತ್ತು ನಿಂತು ಬಂದೆ.

ಸದ್ದಿಗೆ ಮೈಯಿದೆ ಎಂದರೂ ಅದು ಎಷ್ಟು ಬಡಪಾಯಿ ಮೈ! ಸಾಮಾನ್ಯವಾಗಿ ಮಾತಾಡುವಾಗ ನಮ್ಮ ಬಾಯಿಂದ ಹೊರಡುವ ಸದ್ದಿನ ಶಕ್ತಿ ಸುಮಾರು 10 ಮೈಕ್ರೊವ್ಯಾಟ್. ಒಂದು ಲಕ್ಷ ಜನ ಒಟ್ಟಿಗೆ ಮಾತಾಡಿದರೆ 1 ವ್ಯಾಟ್. ದೇವರ ಕೋಣೆಯ ಪುಟ್ಟ ಎಲ್ಇಡಿ ಬಲ್ಬಿಗೆ ಸಾಕಾಗಬಹುದು. ಹೀಗಿದ್ದೂ ಒಂದು ಮಾತು ಕೇಳಿ ಮನುಷ್ಯ ಕುಸಿದು ಕೂರುತ್ತಾನೆ. ಇದನ್ನು ಕಂಚೂರಿನ ಜನ ಹೇಗೆ ಅರ್ಥ ಮಾಡಿಕೊಳ್ಳುತ್ತಾರೆ ಎಂದು ಹದಿಮೂರನೆಯ ಸಂಚಿಕೆಯ ತುಂಬ ಚರ್ಚೆ ನಡೆದಿದೆ, ಮುಗಿದಿಲ್ಲ.

ಅಜ್ಜಿಗೆ ಕೊನೆಯ ಮೂರು ವರ್ಷ ಕಿವಿ ಪೂರ್ತಿ ಹೋಗಿತ್ತು. ಯಂತ್ರ ತಂದುಕೊಟ್ಟರೆ ಎರಡು ದಿನ ಹಾಕಿಕೊಂಡು, ತಲೆಯೊಳಗೆ ಜೀರುಂಡೆ ಕೂತ ಹಾಗಾಗುತ್ತದೆ ಎಂದು ತೆಗೆದಿಟ್ಟಳು. ಆ ವರ್ಷ ಚೌತಿಯ ಹಿಂದಿನ ದಿನ ನಾನು ಮನೆಗೆ ಹೋದಾಗ ಅಟ್ಟದಿಂದ ಇಳಿಸಿದ ತೆಂಗಿನಕಾಯಿಗಳ ರಾಶಿಯ ಮುಂದೆ ಕೂತಿದ್ದಳು. ಒಂದು ಕಾಯಿಯನ್ನು ಎಡಗೈಯ ಐದೂ ಬೆರಳುಗಳಿಂದ ತಬ್ಬಿಹಿಡಿದು, ಬಲಗೈಯ ಕಾಯಿಯಿಂದ ಅದಕ್ಕೊಂದು ಪೆಟ್ಟು ಕೊಡುತ್ತಿದ್ದಳು. ಕೆಲವು ಬುಟ್ಟಿಗೆ, ಕೆಲವು ಗೋಡೆಯ ಬುಡಕ್ಕೆ. ಯಾರಿಗೂ ಅದೇನೂ ವಿಶೇಷ ಅನ್ನಿಸಿರಲಿಲ್ಲ, ಅವಳು ಯಾವಾಗಲೂ ಮಾಡುತ್ತಿದ್ದ ಕೆಲಸ. ನಾನು ಮುಂದೆ ಕೂತು ಕಿವಿ ಮುಟ್ಟಿಕೊಂಡು, ಹೇಗೆ ಎಂಬಂತೆ ಕೈ ತಿರುಗಿಸಿದೆ. ಅವಳು ನನ್ನ ಎಡಗೈ ಎಳೆದುಕೊಂಡು, ಅದರಲ್ಲೊಂದು ಕಾಯಿ ಕೂರಿಸಿ, ನನ್ನ ಬೆರಳುಗಳನ್ನು ಒಂದೊಂದಾಗಿ ಅದರ ಜುಂಗಿನ ಮೇಲೆ ಒತ್ತಿ, ಪೆಟ್ಟು ಹಾಕಿದಳು. ಅಂಗೈಯಲ್ಲಿ ಏನೋ ಒಂದು ತುಯ್ದು ನಿಂತಿತು. ಇನ್ನೊಂದು ಕಾಯಿ ಕೊಟ್ಟಳು, ಪೆಟ್ಟು ಹಾಕಿದಳು. ಈ ಸಲ ಅದು ಅಂಗೈವರೆಗೆ ಬರಲೇ ಇಲ್ಲ.

“ಸಿಕ್ತನೇ ಕೂಸೇ?” ಎಂದು ಕೇಳಿ, ಉತ್ತರಕ್ಕೆ ಕಾಯದೆ ಅದನ್ನು ತೆಗೆದು ಗೋಡೆಯ ಬುಡಕ್ಕೆ ಉರುಳಿಸಿದಳು. ಮರುದಿನ ಪೂಜೆ ಮುಗಿದ ಮೇಲೆ ನಾನು ಆ ಕಾಯಿಯನ್ನು ಒಡೆದು ನೋಡಿದೆ. ಒಳಗೆ ನೀರು ಬತ್ತಿತ್ತು, ಕಾಯಿಯ ಅಂಚು ಹಳದಿಗಟ್ಟಿತ್ತು.